ಗಾಡಿ ಮಾತು: ಜಪಾನಿಂದ ಬರೋ ಹ್ಯಾಚ್‌ಬ್ಯಾಕು, ನಮ್ಮೋರ ಪ್ರಶ್ನೆಗಳು

ಈ ಸಲ ಹಾಸನ, ಚಿಕ್ಕಮಗಳೂರು ಕಡೆಯಿಂದ ಬಂದಿರೋ ಪ್ರಶ್ನೆಗಳಲ್ಲಿ ಜಪಾನ್ ಇಂಪೋರ್ಟ್ ಕಾರಿನ ವಿಷಯನೇ ಜಾಸ್ತಿ. ಒಂದೊಂದು ಮನೆಯಿಂದ ಒಬ್ಬೊಬ್ರು ಹೊರದೇಶದಲ್ಲಿ ಇರೋದ್ರಿಂದ ಹೀಗಾಗಿದೆ ಅನ್ಸತ್ತೆ. ಎಲ್ಲಾ ಒಂದೇ ಕಡೆ ಸೇರಿಸಿ ಉತ್ತರ ಬರೀತಿದೀನಿ.

ಪ್ರಶ್ನೆ: ನಮಸ್ಕಾರ ಸರ್. ಮಗ ಓದೋಕೆ ಅಂತ ನ್ಯೂಜಿಲೆಂಡಿಗೆ ಹೋದೋನು ಈಗ ಆಕ್ಲೆಂಡಲ್ಲೇ ಕೆಲಸಕ್ಕೆ ಸೇರಿದಾನೆ. ಟೊಯೊಟಾ ಅಕ್ವಾ ಅಂತ 2014ರ ಕಾರು, ಜಪಾನಲ್ಲಿ ಓಡಿ ಅಲ್ಲಿಗೆ ಬಂದಿರೋದು, ಅದನ್ನ ತಗೋತೀನಿ ಅಂತಾನೆ. ಯಾರೋ ಓಡಿಸಿ ಬಿಟ್ಟಿದ್ದು, ಅದರಲ್ಲೂ ದೊಡ್ಡ ಬ್ಯಾಟರಿ ಇರೋದಂತೆ, ನಮ್ಮನೆಯೋರು ಬೇಡವೇ ಬೇಡ ಅಂತಿದಾರೆ. ಏನ್ ಹೇಳ್ಲಿ ಅವನಿಗೆ? – ಒಬ್ಬ ತಾಯಿ, ಹಾಸನ

ಉತ್ತರ: ಅಮ್ಮ, ತಗೋ ಅಂತ್ಲೇ ಹೇಳಿ, ಆದ್ರೆ ಚೆನ್ನಾಗಿ ನೋಡಿ ತಗೋ ಅನ್ನಿ. ನ್ಯೂಜಿಲೆಂಡಲ್ಲಿ ನಮ್ಮ ಥರಾನೇ ರಸ್ತೆ ಎಡಕ್ಕೆ, ಸ್ಟೀರಿಂಗ್ ಬಲಕ್ಕೆ, ಜಪಾನಲ್ಲೂ ಅಷ್ಟೇ, ಹಂಗಾಗಿ ಎಷ್ಟೋ ವರ್ಷದಿಂದ ಜಪಾನಿನ ಹಳೇ ಕಾರುಗಳು ಹಡಗಲ್ಲಿ ಅಲ್ಲಿಗೆ ಬರ್ತಾನೇ ಇವೆ, ಅಲ್ಲಿ ಅದು ಯಾರೂ ತಿರುಗಿ ನೋಡೋ ವಿಷಯನೇ ಅಲ್ಲ. ಓಡೋ ಕಾರನ್ನ ಜಪಾನೋರು ಯಾಕೆ ಮಾರ್ತಾರೆ ಅಂತ ನಿಮ್ಮನೆಯೋರು ಕೇಳ್ಬಹುದು. ಅಲ್ಲಿ ಶಾಕೆನ್ ಅಂತ ಕಡ್ಡಾಯ ತಪಾಸಣೆ ಇದೆ, ಹೊಸ ಕಾರಿಗೆ ಮೂರು ವರ್ಷಕ್ಕೆ, ಆಮೇಲೆ ಎರಡೆರಡು ವರ್ಷಕ್ಕೆ. ಟ್ಯಾಕ್ಸು ಇನ್ಶೂರೆನ್ಸು ಎಲ್ಲಾ ಅದರ ಜೊತೆಗೇ ಕಟ್ಟಬೇಕು, ಸಲಕ್ಕೆ ಚೆನ್ನಾಗೇ ಖರ್ಚು ಬರತ್ತೆ. ಹಂಗಾಗಿ ಸುಮಾರು ಜನ ಆ ಖರ್ಚು ಬರೋ ಮುಂಚೆ ಗಾಡಿನ ಹರಾಜಿಗೆ ಬಿಡ್ತಾರೆ. ಕಾರು ಕೆಟ್ಟಿದೆ ಅಂತ ಮಾರಿರಲ್ಲ.

ಆ ಹರಾಜಿನ ಶೀಟು, ಅಂದ್ರೆ ಹರಾಜಿನೋರು ಕಾರನ್ನ ಪರೀಕ್ಷಿಸಿ ಬರೆದ ಹಾಳೆ, ಅದೇ ಎಲ್ಲಕ್ಕಿಂತ ಮುಖ್ಯ. ಮಗ ಅದನ್ನ ಡೀಲರ್ ಹತ್ರ ಕೇಳಿ ಇಸ್ಕೊಳ್ಲಿ, ಅನುವಾದ ಮಾಡಿದ್ದು ಸಾಲ್ದು, ಒರಿಜಿನಲ್ ಶೀಟಿನ ಫೋಟೋನೇ ಬೇಕು. ಒಂದೇ ಹಾಳೆ, ಮೇಲೆ ಮೂಲೇಲಿ ಗ್ರೇಡು, ಕೆಳಗೆ ಕಾರನ್ನ ಬಿಚ್ಚಿ ಹರಡಿದಂಗೆ ಒಂದು ಚಿತ್ರ, ಅದರ ಮೇಲೆಲ್ಲಾ ಕೈಯಲ್ಲಿ ಬರೆದ ಸಣ್ಣ ಸಣ್ಣ ಅಕ್ಷರ. ಎ ಅಂದ್ರೆ ಗೀರು, ಯು ಅಂದ್ರೆ ನೆಗ್ಗಿರೋದು, ಡಬ್ಲ್ಯು ಅಂದ್ರೆ ಟಿಂಕರಿಂಗ್ ಮಾಡಿ ಪೇಂಟ್ ಹೊಡೆದ ಜಾಗ, ಎಸ್ ಅಂದ್ರೆ ತುಕ್ಕು, ಎಕ್ಸ್ ಎಕ್ಸ್ ಅಂತಿದ್ರೆ ಆ ಪಾರ್ಟನ್ನೇ ಬದಲಾಯಿಸಿದಾರೆ. ಪಕ್ಕದಲ್ಲಿರೋ ನಂಬರ್ ದೊಡ್ಡದಾದಷ್ಟೂ ಪೆಟ್ಟು ದೊಡ್ಡದು. ಗ್ರೇಡ್ 4 ಅಥವಾ 4.5 ಇದ್ರೆ ಒಳ್ಳೇದು, 3.5 ಇದ್ರೂ ಪರವಾಗಿಲ್ಲ, ಆದ್ರೆ ಆರ್ ಅಥವಾ ಆರ್‌ಎ ಅಂತಿದ್ರೆ ಅದು ಆಕ್ಸಿಡೆಂಟಾಗಿ ರಿಪೇರಿ ಮಾಡಿದ ಗಾಡಿ, ಬಿಟ್ಟುಬಿಡ್ಲಿ. ಶೀಟಲ್ಲಿರೋ ಕಿಲೋಮೀಟರ್ರಿಗೂ ಮೀಟರಲ್ಲಿರೋದಕ್ಕೂ ತಾಳೆ ನೋಡ್ಲಿ. ಶೀಟ್ ಇಲ್ಲ, ಕಳೆದೋಯ್ತು ಅಂದ್ರೆ ಬೇರೆ ಡೀಲರ್ ಹತ್ರ ಹೋಗ್ಲಿ, ಅಕ್ವಾಗೆ ಅಲ್ಲಿ ಬರ ಇಲ್ಲ.

ಬ್ಯಾಟರಿ ಭಯದ ಬಗ್ಗೆ. ಅಕ್ವಾ ಜಪಾನಲ್ಲಿ 2011ರ ಡಿಸೆಂಬರಲ್ಲಿ ಬಂದ ಕಾರು, ಬೇರೆ ದೇಶಗಳಲ್ಲಿ ಪ್ರಿಯಸ್ ಸಿ ಅಂತ ಮಾರಿದ್ರು, ಹೈಬ್ರಿಡ್ ಗಾಡಿ, ಅಂದ್ರೆ 1.5 ಲೀಟರ್ ಪೆಟ್ರೋಲ್ ಎಂಜಿನ್ನಿನ ಜೊತೆ ಬ್ಯಾಟರಿಯಿಂದ ಓಡೋ ಮೋಟಾರೂ ಇರತ್ತೆ, ಹಿಂದಿನ ಸೀಟಿನ ಕೆಳಗೆ ನಿಕಲ್ ಮೆಟಲ್ ಹೈಡ್ರೈಡ್ ಬ್ಯಾಟರಿ. ಬ್ಯಾಟರಿ ತಣ್ಣಗಿಡೋಕೆ ಒಂದು ಫ್ಯಾನ್ ಇದೆ, ಅದು ಗಾಳಿ ಎಳ್ಕೊಳ್ಳೋ ಜಾಲರಿ ಹಿಂದಿನ ಸೀಟಿನ ಬುಡದಲ್ಲೇ ಇರತ್ತೆ. ಅಲ್ಲಿ ಬಗ್ಗಿ ನೋಡ್ಲಿ. ನಾಯಿ ಕೂದಲು, ಬಟ್ಟೆ ಎಳೆ, ಧೂಳು ಸೇರಿ ಕಂಬಳಿ ಥರ ಮುಚ್ಕೊಂಡಿದ್ರೆ ಆ ಬ್ಯಾಟರಿ ವರ್ಷಗಟ್ಟಲೆ ಬಿಸಿಲಲ್ಲಿ ಬೆಂದಂಗೇ ಲೆಕ್ಕ. ತಗೊಂಡ ಮೇಲೂ ಆ ಜಾಲರಿ ಮೇಲೆ ಬ್ಯಾಗು ಜರ್ಕಿನ್ನು ಇಡಬಾರದು, ಆಗಾಗ ವ್ಯಾಕ್ಯೂಮ್ ಹಿಡೀಬೇಕು, ಇಷ್ಟೇ ಆರೈಕೆ. ದುಡ್ಡು ಕೊಡೋ ಮುಂಚೆ ಹೈಬ್ರಿಡ್ ಗೊತ್ತಿರೋ ಮೆಕ್ಯಾನಿಕ್ ಹತ್ರ ಸ್ಕ್ಯಾನರ್ ಹಾಕಿಸ್ಲಿ, ಗಾಡಿ ಓಡ್ತಿರುವಾಗ ಬ್ಯಾಟರಿ ಬ್ಲಾಕುಗಳ ವೋಲ್ಟೇಜಲ್ಲಿ ಒಂದು ಮಾತ್ರ ಉಳಿದವುಕ್ಕಿಂತ ಕೆಳಗೆ ಬೀಳ್ತಿದ್ರೆ ಅದು ಹೋಗೋಕೆ ರೆಡಿಯಾಗಿದೆ ಅಂತ ಅರ್ಥ.

ಕೆಳಗೆ ಬಗ್ಗಿ ತುಕ್ಕೂ ನೋಡ್ಲಿ, ಜಪಾನಿನ ಉತ್ತರದ ಕಡೆ, ಹೊಕ್ಕೈಡೊ ಥರದ ಜಾಗದಲ್ಲಿ ಹಿಮ ಬೀಳತ್ತೆ, ರಸ್ತೆಗೆ ಉಪ್ಪು ಹಾಕ್ತಾರೆ, ಅಲ್ಲಿ ಓಡಿದ ಗಾಡಿ ಮೇಲೆ ಥಳಥಳ ಹೊಳೀತಿದ್ರೂ ಕೆಳಗೆ ತಿಂದಿರತ್ತೆ. ಸ್ಟೀರಿಯೋ ಪೂರ್ತಿ ಜಪಾನಿ ಭಾಷೆ, ಎಫ್‌ಎಂ ಕೂಡ ಅಲ್ಲಿ 76 ಮೆಗಾಹರ್ಟ್ಸ್‌ನಿಂದ ಶುರುವಾಗೋದು, ನ್ಯೂಜಿಲೆಂಡಿನ ಸುಮಾರು ಸ್ಟೇಷನ್ ಅದರಲ್ಲಿ ಸಿಗಲ್ಲ. ಕೆಲವು ಟೊಯೊಟಾ ಸೆಟ್ಟುಗಳು ಮಾಮೂಲಿ 12 ವೋಲ್ಟ್ ಬ್ಯಾಟರಿಯ ವೈರ್ ಬಿಚ್ಚಿ ಹಾಕಿದ ತಕ್ಷಣ ಲಾಕಾಗಿ ಕೋಡ್ ಕೇಳ್ತವೆ. ತೆಗೆದು ಬೇರೆ ಹಾಕಿಸ್ಕೊಳ್ಲಿ, ತಲೆನೋವಿಲ್ಲ.

ಇನ್ನೊಂದು ಮಾತು, ಇದನ್ನ ಮಾತ್ರ ಮರೀದೇ ಹೇಳಿ. ನ್ಯೂಜಿಲೆಂಡಲ್ಲಿ ಥರ್ಡ್ ಪಾರ್ಟಿ ಇನ್ಶೂರೆನ್ಸ್ ಕಡ್ಡಾಯ ಇಲ್ಲ. ನಮ್ಮ ಹುಡುಗರು ಅದು ಕೇಳಿ ದುಡ್ಡು ಉಳೀತು ಅನ್ಕೋತಾರೆ. ಗಾಯ ಆದ್ರೆ ಸರ್ಕಾರದ ಎಸಿಸಿ ವ್ಯವಸ್ಥೆ ನೋಡ್ಕೊಳ್ಳತ್ತೆ, ಆದ್ರೆ ಬೇರೆಯೋರ ದುಬಾರಿ ಗಾಡಿಗೆ ಗುದ್ದಿದ್ರೆ ಆ ದುಡ್ಡು ಇವನ ಕೈಯಿಂದಾನೇ ಹೋಗೋದು. ಇನ್ಶೂರೆನ್ಸ್ ಮಾಡಿಸಿದ ಮೇಲೇ ಕೀ ಮುಟ್ಟಲಿ.

ಪ್ರಶ್ನೆ: ಸುಜುಕಿ ಸ್ವಿಫ್ಟ್ ಸ್ಪೋರ್ಟ್ ಅಂದ್ರೆ ನಂಗೆ ಪ್ರಾಣ. ಇಲ್ಲಿ ಅದನ್ನ ಮಾರಲೇ ಇಲ್ಲ. ಜಪಾನಲ್ಲೂ ಸ್ಟೀರಿಂಗ್ ಬಲಕ್ಕೇ ಇರೋದ್ರಿಂದ ಒಂದು ಸೆಕೆಂಡ್ ಹ್ಯಾಂಡ್ ಗಾಡಿ ತರಿಸ್ಕೊಂಡ್ರೆ ಏನು ಕಷ್ಟ? ತೋಟದ ದುಡ್ಡು ಈ ವರ್ಷ ಪರವಾಗಿಲ್ಲ. – ಕಾಫಿ ಬೆಳೆಗಾರ, ಮೂಡಿಗೆರೆ

ಉತ್ತರ: ನಿಮ್ಮ ಆಸೆ ನಂಗೆ ಅರ್ಥ ಆಗತ್ತೆ ಅಣ್ಣ, 1.4 ಟರ್ಬೊ, 140 ಪಿಎಸ್, ತೂಕ ಒಂದು ಟನ್ನಿಗಿಂತ ಕಮ್ಮಿ, ಮ್ಯಾನುಯಲ್ ಗೇರು, ಕೊಟ್ಟಿಗೆಹಾರದಿಂದ ಚಾರ್ಮಾಡಿ ಇಳಿಯೋಕೆ ಅದಕ್ಕಿಂತ ಚಂದದ ಗಾಡಿ ಕಮ್ಮಿ. ಆದ್ರೆ ಸ್ಟೀರಿಂಗ್ ಬಲಕ್ಕಿರೋದು ಮೊದಲ್ನೇ ಮೆಟ್ಟಿಲು ಅಷ್ಟೇ. ಬಳಸಿದ ಕಾರು ತರಿಸೋಕೆ ಅದು ತಯಾರಾಗಿ ಮೂರು ವರ್ಷ ದಾಟಿರಬಾರದು, ಮುಂಬೈ ಪೋರ್ಟ್ ಮೂಲಕಾನೇ ಬರಬೇಕು, ಹಡಗು ಹತ್ತೋ ಮುಂಚೆ ಗಾಡಿ ಸರಿಯಿದೆ ಅಂತ ಒಂದು ಸರ್ಟಿಫಿಕೇಟು, ಇಲ್ಲಿಳಿದ ಮೇಲೆ ಪುಣೆಯ ಎಆರ್‌ಎಐ ಥರದ ಸಂಸ್ಥೇಲಿ ಪರೀಕ್ಷೆ. ಕಸ್ಟಮ್ಸು ಜಿಎಸ್‌ಟಿ ಎಲ್ಲಾ ಸೇರಿದ್ರೆ ಕಾರಿನ ಬೆಲೆ ಹೆಚ್ಚೂ ಕಮ್ಮಿ ಮೂರು ಪಟ್ಟು ದಾಟತ್ತೆ. ಅದರ ಮೇಲೆ ನಮ್ಮ ರಾಜ್ಯದ ಲೈಫ್ ಟ್ಯಾಕ್ಸು, 20 ಲಕ್ಷ ದಾಟಿದ ಕಾರಿಗೆ 18 ಪರ್ಸೆಂಟು. ಲೆಕ್ಕ ಹಾಕಿ ನೋಡಿ, ಆ ದುಡ್ಡಿಗೆ ಒಂದು ಜರ್ಮನ್ ಗಾಡಿನೇ ಬರತ್ತೆ.

ದುಡ್ಡು ಇದೆ ಅಂದ್ಕೊಳ್ಳೋಣ, ಆಮೇಲೆ ಇಟ್ಕೊಳ್ಳೋದು ಹೆಂಗೆ? ಆ ಕಾರಿಗೆ ಜಪಾನಲ್ಲಿ ಹೈ ಆಕ್ಟೇನ್ ಪೆಟ್ರೋಲ್ ಹಾಕು ಅಂತಾರೆ, ನಮ್ಮ ಬಂಕಲ್ಲಿ ಸಿಗೋದು ಇ20, ಅಂದ್ರೆ 20 ಪರ್ಸೆಂಟ್ ಎಥೆನಾಲ್ ಬೆರೆಸಿದ ಪೆಟ್ರೋಲ್, ಅದಕ್ಕೆ ಅಂತ ಮಾಡಿದ ಗಾಡಿ ಅಲ್ಲ ಅದು. ನೆಲದಿಂದ ಎತ್ತರ ಸುಮಾರು 120 ಎಂಎಂ, ನಿಮ್ಮ ತೋಟದ ಗೇಟಿಂದ ಕಣದವರೆಗೆ ಬರೋಷ್ಟರಲ್ಲಿ ಮುಂದಿನ ಬಂಪರ್ ಕಿತ್ಕೊಂಡು ಬಂದಿರತ್ತೆ. ಆ 1.4 ಎಂಜಿನ್ ಇಲ್ಲಿನ ಯಾವ ಮಾರುತಿಲೂ ಇಲ್ಲ, ಒಂದು ಸೆನ್ಸರ್ ಹೋದ್ರೂ ಜಪಾನಿಂದ ಬರೋವರೆಗೆ ಗಾಡಿ ಶೆಡ್ಡಲ್ಲಿ ನಿಂತಿರತ್ತೆ, ಮಳೆಗಾಲದಲ್ಲಿ ನಿಂತ ಗಾಡಿಗೆ ಇಲಿ ಏನ್ ಮಾಡತ್ತೆ ಅಂತ ನಿಮಗೆ ನಾನು ಹೇಳ್ಬೇಕಾ.

ನನ್ನ ಮಾತು ಕೇಳಿದ್ರೆ ಒಂದು ಒಳ್ಳೇ ಬಲೆನೊ ಆರ್‌ಎಸ್ ಹುಡುಕಿ. 2017ರಿಂದ 2020ರ ಶುರುವರೆಗೆ ಮಾರಿದ್ದು, 1 ಲೀಟರ್ ಬೂಸ್ಟರ್‌ಜೆಟ್ ಟರ್ಬೊ, ನಾಲ್ಕೂ ಚಕ್ರಕ್ಕೆ ಡಿಸ್ಕು. ಹೆಚ್ಚು ಮಾರಾಟ ಆಗಿಲ್ಲ, ಹುಡುಕಬೇಕು. ಆ ಕಾರಿಗೆ 2023ರಲ್ಲಿ ಬ್ರೇಕಿನ ವ್ಯಾಕ್ಯೂಮ್ ಪಂಪ್ ಸಂಬಂಧ ರೀಕಾಲ್ ಆಗಿತ್ತು, ಆ ಕೆಲಸ ಮುಗಿದಿದೆಯಾ ಅಂತ ಚಾಸಿ ನಂಬರ್ ಕೊಟ್ಟು ಶೋರೂಮಲ್ಲಿ ಕೇಳಿ. ಇನ್ನೊಂದು ಗೊತ್ತಾ, ಬಲೆನೊ ಇಲ್ಲಿ ತಯಾರಾಗಿ 2016ರಿಂದ ಜಪಾನಿಗೇ ಹೋಗಿ ಮಾರಾಟ ಆದ ಕಾರು. ನಮ್ಮಲ್ಲಿ ಮಾಡಿದ್ದು ಕಮ್ಮಿ ಅನ್ನೋ ಭಾವನೆ ಇಟ್ಕೋಬೇಡಿ.

ಪ್ರಶ್ನೆ: ನಮ್ಮಣ್ಣ ಅಮೆರಿಕದ ಡಲ್ಲಾಸಲ್ಲಿದಾನೆ. 1998ರ ಟೊಯೊಟಾ ಸ್ಟಾರ್ಲೆಟ್ ಗ್ಲಾಂಜಾ ಜಪಾನಿಂದ ಬಂದಿರೋದು ನೋಡಿದಾನಂತೆ. ನಮ್ಮೂರ ಥರ ಬಲಕ್ಕೆ ಸ್ಟೀರಿಂಗು, ನಂಗೇನ್ ಕಷ್ಟ ಅಂತಾನೆ. ಅದು ಅಲ್ಲಿ ಲೀಗಲ್ಲಾ, ಓಡಿಸ್ಬೋದಾ? – ಚನ್ನರಾಯಪಟ್ಟಣದ ಓದುಗ

ಉತ್ತರ: ಲೀಗಲ್ಲೇ. ಅಮೆರಿಕದಲ್ಲಿ ತಯಾರಾಗಿ 25 ವರ್ಷ ದಾಟಿದ ಕಾರಿಗೆ ಅವರ ಸುರಕ್ಷತಾ ನಿಯಮದಿಂದ ವಿನಾಯಿತಿ ಇದೆ, ತಿಂಗಳ ಲೆಕ್ಕಾನೂ ನೋಡ್ತಾರೆ, ಕೆನಡಾದಲ್ಲಾದ್ರೆ 15 ವರ್ಷ. 1.3 ಟರ್ಬೊ, 135 ಪಿಎಸ್, ಒಳ್ಳೇ ಗಾಡಿ, ನಮ್ಮಲ್ಲಿ ಟೊಯೊಟಾ ಮಾರೋ ಗ್ಲಾಂಜಾಗೂ ಇದೇ ಹೆಸರು.

ಆದ್ರೆ ನಿಮ್ಮಣ್ಣ ಯಾವುದನ್ನ ಸುಲಭ ಅಂತಿದಾರೋ ನಂಗೆ ಭಯ ಇರೋದು ಅಲ್ಲೇ. ಬಲಕ್ಕೆ ಸ್ಟೀರಿಂಗು, ಎಡಗೈಗೆ ಗೇರು, ಇಂಡಿಕೇಟರ್ ಕಡ್ಡಿ ಕೂಡ ಮಾರುತಿ ಥರ ಬಲಗೈಗೇ, ಕೈಗೆ ಎಲ್ಲಾ ಪರಿಚಯ. ಕೈಗೆ ಪರಿಚಯ ಆದ್ರೆ ತಲೆನೂ ಊರಿಗೆ ವಾಪಸ್ ಬಂದ್ಬಿಡತ್ತೆ. ಅಮೆರಿಕದ ಕಾರಲ್ಲಿ ಕೂತಾಗ ಸೀಟೇ ಎಡಕ್ಕಿರೋದ್ರಿಂದ ರಸ್ತೆ ಬಲಕ್ಕೆ ಅಂತ ನೆನಪಿರತ್ತೆ, ಇದರಲ್ಲಿ ಆ ಎಚ್ಚರಿಕೆ ಕೊಡೋಕೆ ಏನೂ ಇಲ್ಲ. ಟ್ರಾಫಿಕ್ ಇದ್ದಾಗ ಮುಂದಿನ ಗಾಡಿ ನೋಡ್ಕೊಂಡು ಹೋಗ್ತಾರೆ, ಬೆಳಗಿನ ಜಾವ ಖಾಲಿ ರಸ್ತೇಲಿ, ಪೆಟ್ರೋಲ್ ಬಂಕಿಂದ ಹೊರಗೆ ಬರುವಾಗ, ಎಡಕ್ಕೆ ತಿರುಗುವಾಗ, ನಮ್ಮೂರ ಕಡೆ ಬಿ.ಎಂ. ರೋಡಿಗೆ ಬಂದಂಗೆ ಸೀದಾ ಎಡಗಡೆ ಲೇನಿಗೆ ಬಂದುಬಿಟ್ರೆ ಎದುರಿಗೆ ಗಾಡಿ. ಮೊದಲ ಕೆಲವು ವಾರ ಪಕ್ಕದಲ್ಲಿ ಯಾರನ್ನಾದ್ರೂ ಕೂರಿಸ್ಕೊಂಡೇ ಓಡಿಸ್ಲಿ, ಡ್ಯಾಶ್‌ಬೋರ್ಡ್ ಮೇಲೆ ಬಲಕ್ಕೆ ಅಂತ ಕನ್ನಡದಲ್ಲಿ ಬರೆದು ಅಂಟಿಸ್ಲಿ, ನಾಚಿಕೆ ಪಟ್ಕೊಳ್ಳೋದು ಏನೂ ಇಲ್ಲ.

ಓವರ್‌ಟೇಕ್ ಇನ್ನೊಂದು. ಎರಡೇ ಲೇನಿನ ರಸ್ತೇಲಿ ಇವರು ಕೂತಿರೋದು ರಸ್ತೆ ಅಂಚಿನ ಕಡೆ, ಮುಂದೆ ಟ್ರಕ್ ಇದ್ರೆ ಎದುರಿಂದ ಬರೋದು ಕಾಣೋದೇ ಇಲ್ಲ, ಇಣುಕಿ ನೋಡೋಕೆ ಪೂರ್ತಿ ಕಾರೇ ಹೊರಗೆ ಬರಬೇಕು. ದೂರ ಬಿಟ್ಟು ಹಿಂದೆ ಹೋಗ್ಲಿ, ಸಿಂಗಲ್ ರೋಡಲ್ಲಿ ಓವರ್‌ಟೇಕ್ ಆಸೆನೇ ಬಿಡ್ಲಿ. ಹೆಡ್‌ಲೈಟ್ ಕೂಡ ಬದಲಾಯಿಸ್ಬೇಕು, ಜಪಾನಿನ ಲೈಟಿನ ಬೆಳಕು ಎಡಕ್ಕೆ ಎತ್ತಿರತ್ತೆ, ಅಲ್ಲಿ ಅದು ಎದುರಿನವರ ಕಣ್ಣಿಗೇ ಹೊಡೆಯತ್ತೆ.

ಜಪಾನಿನ ಗಾಡಿಗೆ ವಿಐಎನ್ ಅನ್ನೋ 17 ಅಕ್ಷರದ ಗುರುತಿನ ನಂಬರ್ ಇರಲ್ಲ, ಚಿಕ್ಕ ಚಾಸಿ ನಂಬರ್ ಮಾತ್ರ, ಇನ್ಶೂರೆನ್ಸ್ ಕಂಪನಿಯ ಕಂಪ್ಯೂಟರ್ ಅದನ್ನ ತಗೊಳ್ಳಲ್ಲ. ಹಂಗಾಗಿ ಕಾರಿಗೆ ಅಡ್ವಾನ್ಸ್ ಕೊಡೋ ಮೊದಲು ಹಳೇ ಕಾರುಗಳಿಗೆ ಬೆಲೆ ಒಪ್ಪಿಕೊಂಡು ಪಾಲಿಸಿ ಕೊಡೋ ಕಂಪನಿ ಹತ್ರ ಮಾತಾಡಿರ್ಲಿ. ಟೈಮಿಂಗ್ ಬೆಲ್ಟ್ ಯಾವಾಗ ಹಾಕಿದ್ದು ಅನ್ನೋಕೆ ದಾಖಲೆ ಇಲ್ಲ ಅಂದ್ರೆ ಹಾಕಿಲ್ಲ ಅಂತ್ಲೇ ತಿಳ್ಕೊಂಡು ವಾಟರ್ ಪಂಪ್ ಸಮೇತ ಹೊಸದು ಹಾಕಿಸ್ಲಿ. ಅಮೆರಿಕದಲ್ಲಿ ಆ ಮಾಡೆಲ್ ಮಾರಾಟಾನೇ ಆಗಿಲ್ಲ, ಪಾರ್ಟ್ಸು ಕಡಲ ಆಚೆಯಿಂದಾನೇ ಬರಬೇಕು, ದಿನಾ ಆಫೀಸಿಗೆ ಹೋಗೋಕೆ ಇನ್ನೊಂದು ಗಾಡಿ ಇದ್ರೆ ಮಾತ್ರ ತಗೊಳ್ಲಿ.

ಪ್ರಶ್ನೆ: 2010ರ ಟೊಯೊಟಾ ಪ್ರಿಯಸ್, ಡೆಲ್ಲಿ ನಂಬರ್, ತುಂಬಾ ಕಮ್ಮಿಗೆ ಕೊಡ್ತೀನಿ ಅಂತಿದಾರೆ. ಜಪಾನಲ್ಲೇ ಪೂರ್ತಿ ತಯಾರಾಗಿ ಬಂದಿರೋದಂತೆ. ತಗೋಬೋದಾ? – ಚಿಕ್ಕಮಗಳೂರು

ಉತ್ತರ: ಬೇಡ. ಪ್ರಿಯಸ್ ಪೂರ್ತಿ ತಯಾರಾಗೇ ಬರ್ತಿದ್ದದ್ದು ನಿಜ. ಆದ್ರೆ ಡೆಲ್ಲೀಲಿ 15 ವರ್ಷ ದಾಟಿದ ಪೆಟ್ರೋಲ್ ಗಾಡಿಗೆ ಓಡೋಕೆ ಅವಕಾಶ ಇರ್ಲಿಲ್ಲ, 2025ರಲ್ಲಿ ಸುಪ್ರೀಂ ಕೋರ್ಟ್ ಅದನ್ನ ಕೊಂಚ ಸಡಿಲ ಮಾಡಿದ್ರೂ ಆ ಭಯಕ್ಕೇ ಆ ರೇಟು ಇರ್ಬೋದು. ಎನ್‌ಒಸಿ, ಇಲ್ಲಿ ಮತ್ತೆ ರಿಜಿಸ್ಟ್ರೇಷನ್ನು, ಟ್ಯಾಕ್ಸು ಅಂತ ಆರ್‌ಟಿಒಗೆ ಅಲೆದು ಮುಗಿಸಿದ್ರೂ, ಆ ತಲೆಮಾರಿನ 1.8 ಎಂಜಿನ್ನಲ್ಲಿ ಹೊಗೆನ ವಾಪಸ್ ಎಂಜಿನ್ನಿಗೆ ಕಳಿಸೋ ಇಜಿಆರ್ ಮಸಿ ಕಟ್ಕೊಂಡು ಕೊನೆಗೆ ಹೆಡ್ ಗ್ಯಾಸ್ಕೆಟ್, ಅಂದ್ರೆ ಎಂಜಿನ್ ಹೆಡ್ಡಿನ ಕೆಳಗಿರೋ ಸೀಲು, ಹೋಗೋದು ಜಗತ್ತಿನಾದ್ಯಂತ ಗೊತ್ತಿರೋ ಕಂಪ್ಲೇಂಟು. ಆದ್ರೂ ಮನಸ್ಸು ತಡೀತಿಲ್ಲ ಅಂದ್ರೆ ರಾತ್ರಿಯೆಲ್ಲಾ ನಿಂತು ಪೂರ್ತಿ ತಣ್ಣಗಾದ ಗಾಡಿನ ಬೆಳಿಗ್ಗೆ ನಿಮ್ಮೆದುರಿಗೇ ಸ್ಟಾರ್ಟ್ ಮಾಡಿಸಿ. ಎಂಜಿನ್ ಎದ್ದ ಕ್ಷಣ ಗಡಗಡ ಅಂತ ನಡುಗಿ ಆಮೇಲೆ ಸರಿಹೋದ್ರೆ ಸಿಲಿಂಡರಿಗೆ ಕೂಲೆಂಟ್ ಇಳೀತಿರೋ ಸಾಧ್ಯತೆ ಜಾಸ್ತಿ, ಕೈ ಮುಗಿದು ಬಂದ್ಬಿಡಿ. ನೀವು ಹೋಗೋ ಮೊದಲೇ ಗಾಡಿ ಬಿಸಿ ಮಾಡಿ ಇಟ್ಟಿದ್ರೂ ಅಷ್ಟೇ.

ಪ್ರಶ್ನೆ: ನನ್ನ ಹಳೇ ಆಲ್ಟೊಗೆ ಜಪಾನಿನ 660 ಸಿಸಿ ಟರ್ಬೊ ಎಂಜಿನ್ ಹಾಕಿಸ್ಬೋದಾ? – ಅರಸೀಕೆರೆ

ಉತ್ತರ: ಗ್ಯಾರೇಜಲ್ಲಿ ಕೂರಿಸೋರು ಸಿಗ್ತಾರೆ, ಆದ್ರೆ ಮೋಟಾರು ವಾಹನ ಕಾಯ್ದೆಯ ಸೆಕ್ಷನ್ 52ರ ಪ್ರಕಾರ ಕಂಪನಿ ಕೊಟ್ಟಿದ್ದಕ್ಕಿಂತ ಬೇರೆ ಥರ ಬದಲಾವಣೆ ಮಾಡೋ ಹಾಗಿಲ್ಲ, ಎಂಜಿನ್ ಬದಲಾದ್ರೆ ಆರ್‌ಸಿಲೂ ಬರಬೇಕು. ಆರ್‌ಸಿಲಿ ಇರೋ ಎಂಜಿನ್ ನಂಬರೇ ಒಂದು, ಬಾನೆಟ್ ಕೆಳಗಿರೋದೇ ಇನ್ನೊಂದು ಅಂತಾದ್ರೆ ಆಕ್ಸಿಡೆಂಟ್ ಆದ ದಿನ ಇನ್ಶೂರೆನ್ಸೋರು ಕೈ ಎತ್ತುತಾರೆ. ಇರೋ ಎಂಜಿನ್ನಿಗೇ ಕಂಪ್ರೆಷನ್ ಚೆಕ್ ಮಾಡಿಸಿ, ಕ್ಲಚ್ಚು, ನಾಲ್ಕೂ ಟೈರು, ಸಸ್ಪೆನ್ಷನ್ ಬುಷ್ಷು ಹೊಸದು ಹಾಕಿಸಿ, ಆ ಟರ್ಬೊ ದುಡ್ಡಿನ ಸಣ್ಣ ಪಾಲಲ್ಲಿ ಅಷ್ಟೂ ಮುಗಿಯತ್ತೆ.