ಸೋತೋರಿಗೇ ಯಾಕೆ ಶಿಳ್ಳೆ?

ಪ್ರಶ್ನೆ: ನಮ್ಮೂರ ಹಬ್ಬಕ್ಕೆ ಕುರುಕ್ಷೇತ್ರ ನಾಟಕ ಇರ್ಲೇಬೇಕು. ದುರ್ಯೋಧನ ಸ್ಟೇಜಿಗೆ ಬಂದ್ರೆ ಶಿಳ್ಳೆ, ನೋಟಿನ ಹಾರ. ಧರ್ಮರಾಯ ಬಂದ್ರೆ ಜನ ಟೀ ಕುಡಿಯೋಕೆ ಎದ್ದು ಹೋಗ್ತಾರೆ. ಸೋತೋರ ಮೇಲೆ ಯಾಕ್ ಸಾರ್ ಇಷ್ಟು ಪ್ರೀತಿ? ಎಲ್ಲಾ ಸಿನಿಮಾ ಪ್ರಭಾವನಾ?
- ಓದುಗರೊಬ್ಬರು, ನಾಗಮಂಗಲ

ಉತ್ತರ: ಸಿನಿಮಾನ ಬೈಬೇಡಿ ಪಾಪ, ಇದು ಸಾವಿರ ವರ್ಷದ ಹಳೇ ಚಾಳಿ. 941ರಲ್ಲಿ ಪಂಪ ಭಾರತ ಬರೆದಾಗ ತನ್ನ ದೊರೆ ವೇಮುಲವಾಡದ ಅರಿಕೇಸರೀನೇ ಅರ್ಜುನ ಅಂತ ಇಟ್ಕೊಂಡು ಕಥೆ ಹೇಳಿದ, ದ್ರೌಪದಿ ಅರ್ಜುನನೊಬ್ಬನಿಗೇ ಹೆಂಡ್ತಿ, ಕೊನೆಗೆ ಪಟ್ಟಾಭಿಷೇಕಾನೂ ಧರ್ಮರಾಯನಿಗಲ್ಲ ಅರ್ಜುನನಿಗೇ, ಅಂದ್ರೆ ದೊರೆ ಖುಷಿಯಾಗೋಕೆ ಏನೇನು ಬೇಕೋ ಅಷ್ಟೂ ಮಾಡಿದ. ಅಂಥವನೂ ಕರ್ಣ ಸತ್ತ ಜಾಗಕ್ಕೆ ಬಂದಾಗ, ಭಾರತದಲ್ಲಿ ಇನ್ಯಾರನ್ನೂ ನೆನೀಬೇಡಣ್ಣ, ನೆನೆಯೋದಾದ್ರೆ ಕರ್ಣನ್ನ ನೆನಿ ಅಂದ್ಬಿಟ್ಟ! ಅರಿಕೇಸರಿ ಹೆಸರು ಇವತ್ತು ಕನ್ನಡ ಎಂಎ ಮಾಡೋರಿಗೆ ಬಿಟ್ರೆ ಯಾರಿಗ್ರೀ ಗೊತ್ತು?

ಗದಾಯುದ್ಧ ಬರೆದ ರನ್ನಂದೂ ಇದೇ ಕಥೆ. ಚಾಲುಕ್ಯ ದೊರೆ ಸತ್ಯಾಶ್ರಯನ್ನ ಭೀಮ ಮಾಡಿ ಹೊಗಳೋಕೆ ಅಂತ ಕೂತ, ಆದ್ರೆ ದುರ್ಯೋಧನ ಹೆಣಗಳ ಮಧ್ಯೆ ನಡ್ಕೊಂಡು ಹೋಗ್ತಾ ದ್ರೋಣ, ದುಶ್ಶಾಸನ, ಕರ್ಣ ಒಬ್ಬೊಬ್ಬರನ್ನೂ ನೋಡಿ ಗೋಳಾಡೋದು, ಶತ್ರು ಮಗ ಅಭಿಮನ್ಯು ಹೆಣದ ಮುಂದೆ ನಿಂತು ನಿನ್ನಂಥ ಸಾವು ನಂಗೂ ಬರ್ಲಿ ಅನ್ನೋದು, ಇದನ್ನ ಓದಿದ್ಮೇಲೆ ಭೀಮ ಎಲ್ಲಿ ನೆನಪಿರ್ತಾನೆ. ಗೆದ್ದೋನ ಕಥೆ ಪಟ್ಟಾಭಿಷೇಕಕ್ಕೆ ಮುಗೀತು, ಸೋತೋನ ಹತ್ರ ಹೇಳ್ಕೊಳ್ಳೋಕೆ ಬೇಕಾದಷ್ಟಿರುತ್ತೆ ಅಂತ ನಂಗನ್ಸುತ್ತೆ. ದುಡ್ಡು ಕೊಟ್ಟು ಪಾರ್ಟ್ ತಗೊಳ್ಳೋ ಊರುಗಳಲ್ಲಿ ದುರ್ಯೋಧನನ ಪಾರ್ಟಿಗೆ ಪೈಪೋಟಿ ಸುಮ್ನೆ ಅಲ್ಲ. ಹಾಗಂತ ಜನ ಅವನ ತಪ್ಪು ಮರೆತಿದಾರೆ ಅನ್ಕೋಬೇಡಿ, ದ್ರೌಪದಿ ಸೀರೆ ಎಳೆಯೋ ಸೀನಲ್ಲಿ ಅದೇ ಮುಂದಿನ ಸಾಲಿನ ಅಜ್ಜೀರು ಅವನಿಗೆ ಹಿಡಿಶಾಪ ಹಾಕ್ತಾರೆ.

ಪ್ರಶ್ನೆ: ಬೆಂಗಳೂರು ಕರಗಕ್ಕೂ ಮಹಾಭಾರತ ಯುದ್ಧಕ್ಕೂ ಏನ್ ಸಂಬಂಧ?
- ಓದುಗರೊಬ್ಬರು, ತಿಪಟೂರು

ಉತ್ತರ: ಯುದ್ಧ ಮುಗಿದ ಮೇಲಿನ ಕಥೆ ಅದು. ಪಾಂಡವರು ಸ್ವರ್ಗಕ್ಕೆ ಹೊರಟಾಗ ದ್ರೌಪದಿ ಹಿಂದೆ ಉಳಿದ್ಲು, ತಿಮಿರಾಸುರ ಅಡ್ಡ ಬಂದ, ಅವನನ್ನ ಹೊಡೆಯೋಕೆ ವೀರಕುಮಾರರನ್ನ ಹುಟ್ಟಿಸಿದ್ಲು, ಅವರು ಹೋಗ್ಬೇಡಮ್ಮ ಅಂತ ಅತ್ತಾಗ ವರ್ಷಕ್ಕೊಂದ್ಸಲ ಬರ್ತೀನಿ ಅಂದ್ಲು ಅಂತ ಕರಗ ನಡೆಸೋ ತಿಗಳ ಸಮುದಾಯದವರು ಹೇಳ್ತಾರೆ. ಅದಕ್ಕೇ ಚೈತ್ರ ಹುಣ್ಣಿಮೆ ರಾತ್ರಿ ಕತ್ತಿ ಹಿಡಿದ ವೀರಕುಮಾರರು ಕರಗದ ಜೊತೆ ಓಡೋದು. ದೇವಸ್ಥಾನ ಮಾತ್ರ ಧರ್ಮರಾಯಂದು (ನಾಗಮಂಗಲದವರು ಗಮನಿಸಿ), ಹಬ್ಬ ಪೂರ್ತಿ ದ್ರೌಪದೀದು. ಕರಗ ದಾರೀಲಿ ತವಕ್ಕಲ್ ಮಸ್ತಾನ್ ದರ್ಗಾಕ್ಕೂ ಹೋಗಿ ಬರುತ್ತೆ.