ರಾಜ್ಯಸಭೆ ಚುನಾವಣೆ: 45ರ ಲೆಕ್ಕ

ಪ್ರಶ್ನೆ: ರಾಜ್ಯಸಭೆಗೆ ಗೆಲ್ಲಲು 45 ಮತ ಬೇಕು ಅಂತಾರೆ. ಆ ಸಂಖ್ಯೆ ಎಲ್ಲಿಂದ ಬಂತು? ಎಮ್ಮೆಲ್ಲೆಗಳ ಮತವೂ ತಿರಸ್ಕೃತ ಆಗುವುದುಂಟಾ?
– ಓದುಗರು, ಸಿಂಧನೂರು

ಉತ್ತರ: ಇಲ್ಲಿ ಮತದಾರರು ವಿಧಾನಸಭೆಯ 224 ಚುನಾಯಿತ ಶಾಸಕರು ಮಾತ್ರ. ನಿಮ್ಮ ರಾಯಚೂರು ಜಿಲ್ಲೆಯವರು 7, ಕೊಪ್ಪಳ ಮತ್ತು ಬಳ್ಳಾರಿಯವರು ತಲಾ 5. ವಿಧಾನ ಪರಿಷತ್ತಿನವರಿಗೆ ಮತವಿಲ್ಲ.

ಕರ್ನಾಟಕದ 12 ಸ್ಥಾನಗಳಲ್ಲಿ ಸಾಮಾನ್ಯವಾಗಿ ಎರಡು ವರ್ಷಕ್ಕೊಮ್ಮೆ 4 ತೆರವಾಗುತ್ತವೆ. ಎಣಿಕೆಯಲ್ಲಿ ಪ್ರತಿ ಸಿಂಧು ಮತಕ್ಕೆ 100 ಮೌಲ್ಯ. ಒಟ್ಟು ಮೌಲ್ಯವನ್ನು ಸ್ಥಾನಗಳಿಗಿಂತ ಒಂದು ಹೆಚ್ಚಿನ ಸಂಖ್ಯೆಯಿಂದ, ಅಂದರೆ 5ರಿಂದ ಭಾಗಿಸಿ 1 ಕೂಡಿಸಬೇಕು. 22,400 ಇದ್ದರೆ 4,481. 44 ಮತ ಸಾಲದು, 45 ಬೇಕು. ಒಂದೇ ಸ್ಥಾನದ ಉಪಚುನಾವಣೆಯಾದರೆ ಲೆಕ್ಕ ಬೇರೆ, ಆಗ 113. 2024ರ ಫೆಬ್ರವರಿಯ ಚುನಾವಣೆಯ ಹೊತ್ತಿಗೆ ಸುರಪುರದ ಶಾಸಕರು ತೀರಿಕೊಂಡಿದ್ದರು, ಇನ್ನೊಬ್ಬರು ಮತಕ್ಕೆ ಬರಲಿಲ್ಲ. 222 ಮತ ಬಿದ್ದರೂ ಗುರಿ 45ರಲ್ಲೇ ನಿಂತಿತು. ಕಾಂಗ್ರೆಸ್ಸಿನ ಜಿ.ಸಿ. ಚಂದ್ರಶೇಖರ್ ಸರಿಯಾಗಿ 45 ಪಡೆದು ಗೆದ್ದರು.

ಶಾಸಕರು ಅಭ್ಯರ್ಥಿಗಳ ಮುಂದೆ 1, 2, 3 ಎಂದು ತಮ್ಮ ಆಯ್ಕೆಯ ಕ್ರಮವನ್ನು (ಪ್ರಾಶಸ್ತ್ಯ) ಬರೆಯುತ್ತಾರೆ, ಹಾಗಾಗಿ ಹೆಚ್ಚುವರಿ ಮತ ವ್ಯರ್ಥವಾಗುವುದಿಲ್ಲ. 50 ಮತ ಪಡೆದವರ ಬಳಿ 519 ಮೌಲ್ಯ ಮಿಗುತ್ತದೆ. ಆ 50 ಚೀಟಿಗಳಲ್ಲೂ ಎರಡನೇ ಪ್ರಾಶಸ್ತ್ಯ ಇದ್ದರೆ ತಲಾ 10ರಂತೆ ಮುಂದಿನವರಿಗೆ ಹೋಗುತ್ತದೆ, ಭಿನ್ನರಾಶಿ ಬಿಟ್ಟುಬಿಡುತ್ತಾರೆ. ಪಕ್ಷಗಳು ಯಾವ ಶಾಸಕ ಯಾರಿಗೆ 2 ಬರೆಯಬೇಕೆಂದು ಮೊದಲೇ ಹಂಚುವುದು ಇದಕ್ಕೇ. ನಾಲ್ಕನೇ ಸ್ಥಾನದ ಜಗಳ ಹಲವು ಸಲ ತೀರ್ಮಾನವಾಗುವುದು ಇಲ್ಲೇ, ಆದರೂ ಜನರಿಗೆ ಇದನ್ನು ಯಾರೂ ಬಿಡಿಸಿ ಹೇಳುವುದಿಲ್ಲ.

ಇನ್ನು ತಿರಸ್ಕೃತವಾಗುವ ಮಾತು. ಚುನಾವಣಾ ಆಯೋಗ ಕೊಡುವ ನೇರಳೆ ಬಣ್ಣದ ಪೆನ್ನಲ್ಲೇ ಬರೆಯಬೇಕು. 2016ರಲ್ಲಿ ಹರಿಯಾಣದಲ್ಲಿ ಬೇರೆ ಪೆನ್ನಿನ ಕಾರಣಕ್ಕೆ ಹತ್ತಕ್ಕೂ ಹೆಚ್ಚು ಮತ ಹೋಗಿ ಫಲಿತಾಂಶವೇ ತಿರುಗಿತು. ಅಂಕಿಯಲ್ಲಿ ಬರೆಯಬೇಕು, ಕನ್ನಡ ಅಂಕಿ ೧ ನಡೆಯುತ್ತದೆ, ‘ಒಂದು’ ಎಂದು ಅಕ್ಷರದಲ್ಲಿ ಬರೆದರೆ ಅಸಿಂಧು. ರೈಟ್ ಗುರುತು, ಸಹಿ ಕೂಡದು. 1 ಇಲ್ಲದಿದ್ದರೂ, ಇಬ್ಬರ ಮುಂದೆ 1 ಇದ್ದರೂ ಮತ ಹೋಯಿತು. ಪಕ್ಷದ ಶಾಸಕರು ಗುರುತು ಹಾಕಿದ ಚೀಟಿಯನ್ನು ತಮ್ಮ ಪಕ್ಷದ ಅಧಿಕೃತ ಏಜೆಂಟರಿಗೆ ತೋರಿಸಿಯೇ ಪೆಟ್ಟಿಗೆಗೆ ಹಾಕಬೇಕು. ಬೇರೆಯವರಿಗೆ ತೋರಿಸಿದ್ದಕ್ಕೆ 2017ರಲ್ಲಿ ಗುಜರಾತಿನ ಇಬ್ಬರ ಮತ ರದ್ದಾಯಿತು. ಪಕ್ಷೇತರರು ಯಾರಿಗೂ ತೋರಿಸುವಂತಿಲ್ಲ.

ಪ್ರಶ್ನೆ: ಅಡ್ಡಮತ ಹಾಕಿದರೆ ಶಾಸಕ ಸ್ಥಾನ ಹೋಗುತ್ತದೆಯೇ?
– ಓದುಗರು, ಕುಷ್ಟಗಿ

ಉತ್ತರ: ಪಕ್ಷದ ಅಭ್ಯರ್ಥಿಯನ್ನು ಬಿಟ್ಟು ಬೇರೆಯವರಿಗೆ ಮತ ಹಾಕಿದ ಮಾತ್ರಕ್ಕೇ ಹೋಗುವುದಿಲ್ಲ. ಪಕ್ಷ ಉಚ್ಚಾಟಿಸಬಹುದು, ಆದರೆ ರಾಜ್ಯಸಭೆಯ ಮತದಾನ ಸದನದ ಕಲಾಪವಲ್ಲ, ವಿಪ್ (ಸದನದಲ್ಲಿ ಹೀಗೇ ಮತ ಹಾಕಬೇಕೆಂಬ ಪಕ್ಷದ ಆದೇಶ) ಅನ್ವಯಿಸದು. ತೋರಿಸಿದ ಮತವನ್ನು ಏಜೆಂಟರು ನೋಡುತ್ತಾರೆ, ಮತದಾರರಾದ ನಾವು ನೋಡುವುದಿಲ್ಲ. ಇದು ಸರಿಯಲ್ಲ ಎಂಬುದು ನಮ್ಮ ಖಚಿತ ಅಭಿಪ್ರಾಯ.

ಪ್ರಶ್ನೆ: ಹೊರರಾಜ್ಯದವರು ನಮ್ಮ ಸೀಟಿಗೆ ಹೇಗೆ ನಿಲ್ಲುತ್ತಾರೆ?
– ಓದುಗರು, ಬಳ್ಳಾರಿ

ಉತ್ತರ: 2003ರ ತಿದ್ದುಪಡಿಯ ನಂತರ ದೇಶದ ಯಾವುದೇ ಲೋಕಸಭಾ ಕ್ಷೇತ್ರದ ಮತದಾರರಾಗಿದ್ದರೆ ಸಾಕು, ವಯಸ್ಸು 30 ತುಂಬಿರಬೇಕು. 2006ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎತ್ತಿಹಿಡಿಯಿತು. ಠೇವಣಿ 10,000 ರೂಪಾಯಿ, ಪರಿಶಿಷ್ಟರಿಗೆ 5,000. ಜೊತೆಗೆ ಇಲ್ಲಿನ 10 ಶಾಸಕರು ಸೂಚಕರಾಗಿ ಸಹಿ ಹಾಕಬೇಕು.