ಜಮೀನು ಮಾರಿ ಸಿನಿಮಾ ಮಾಡಬೇಕೇ?

ಓದುಗರ ಪತ್ರ: ಕಳೆದ ಸಂಚಿಕೆಯಲ್ಲಿ ಫಿಲಿಪ್ಪೀನ್ಸ್‌ನ ಕಿಡ್ಲಾಟ್ ತಾಹಿಮಿಕ್ ಎಂಬ ನಿರ್ದೇಶಕರ ಬಗ್ಗೆ ಪುಟಗಟ್ಟಲೆ ಹೊಗಳಿಕೆ ಪ್ರಕಟಿಸಿದ್ದೀರಿ. ದೊಡ್ಡ ಓದು ಓದಿ, ಪ್ಯಾರಿಸ್ಸಿನ ಕೆಲಸ ಬಿಟ್ಟು, ಒಂದೇ ಚಿತ್ರಕ್ಕೆ 35 ವರ್ಷ ಕಳೆದವರು ನಮ್ಮ ಮಕ್ಕಳಿಗೆ ಮಾದರಿಯೇ? ನನ್ನ ಮಗ ಇಂಜಿನಿಯರ್ ಕೆಲಸ ಬಿಟ್ಟು ಕ್ಯಾಮೆರಾ ಹಿಡಿದಿದ್ದಾನೆ. ನಿಮ್ಮ ಲೇಖನವನ್ನು ಕತ್ತರಿಸಿ ಗೋಡೆಗೆ ಅಂಟಿಸಿದ್ದಾನೆ. ಈಗ ಊರಿನ ಜಮೀನು ಮಾರಿ ಸಿನಿಮಾ ತೆಗೆಯೋಣ ಎಂದು ಹಟ ಹಿಡಿದಿದ್ದಾನೆ. ಇಂಥವರ ಹೆಂಡತಿ ಮಕ್ಕಳನ್ನು ಯಾರು ನೋಡಿಕೊಂಡರು ಎಂದು ನೀವೇಕೆ ಬರೆಯುವುದಿಲ್ಲ? ಇಷ್ಟಕ್ಕೂ ಆ ಚಿತ್ರಗಳನ್ನು ನಮ್ಮಂಥವರು ಎಲ್ಲಿ ನೋಡಬೇಕು?
— ನಿವೃತ್ತ ಶಿಕ್ಷಕಿ, ತುಮಕೂರು ಜಿಲ್ಲೆ

ಸಂಪಾದಕರ ಉತ್ತರ:

ಮಾನ್ಯ ಮೇಡಂ,

ಜಮೀನು ಮಾರಬೇಡಿ. ಇಷ್ಟು ಹೇಳಿ ಮುಗಿಸಿದರೆ ನಿಮಗೆ ಸಮಾಧಾನವಾಗಬಹುದು, ನನಗಾಗುವುದಿಲ್ಲ. ನೀವು ಯಾರ ಮೇಲೆ ಸಿಟ್ಟಾಗಿದ್ದೀರೋ ಆ ಮನುಷ್ಯನನ್ನೇ ನೆಚ್ಚಿಕೊಂಡು ನಾನು ಈ ಮಾತು ಹೇಳುತ್ತಿದ್ದೇನೆ. ನಿಮ್ಮ ಮಗ ಲೇಖನವನ್ನು ಗೋಡೆಗೆ ಅಂಟಿಸಿಕೊಂಡದ್ದು ಸಂತೋಷ. ಆದರೆ ಪೂರ್ತಿ ಓದಿದಂತೆ ಕಾಣುವುದಿಲ್ಲ. ನೀವೂ ಅರ್ಧಕ್ಕೇ ಬಿಟ್ಟಿರಬೇಕು ಎಂದು ನನ್ನ ಗುಮಾನಿ. ಪಾಠವನ್ನು ಅರ್ಧ ಓದಿಕೊಂಡು ಬಂದು ಜಗಳಕ್ಕೆ ನಿಂತ ವಿದ್ಯಾರ್ಥಿಯನ್ನು ನಿಮ್ಮ ತರಗತಿಯಲ್ಲಿ ನೀವು ಸುಮ್ಮನೆ ಬಿಟ್ಟಿರಲಿಕ್ಕಿಲ್ಲ. ನಾನೂ ಬಿಡುವುದಿಲ್ಲ.

ನಿಮ್ಮ ಮಾತಿನಲ್ಲಿ ನ್ಯಾಯವಿದೆ. ಕಿಡ್ಲಾಟ್ ಅವರ ತಾಯಿ ಬಾಗಿಯೊ ನಗರದ ಮೇಯರ್ ಆಗಿದ್ದವರು; ಮಗ ಸೋತು ಬಂದರೂ ತಲೆಯ ಮೇಲೊಂದು ಸೂರಿತ್ತು. ತಿಂಗಳ ಸಂಬಳದ ಮೇಲೆ ನಿಂತ ಮನೆಯ ಹುಡುಗ ಅವರನ್ನು ಕಣ್ಣು ಮುಚ್ಚಿ ಹಿಂಬಾಲಿಸಬಾರದು. ಒಪ್ಪಿದೆ.

ಇನ್ನು ಮುಂದಿನ ಮಾತು. ಲುಜಾನ್ ದ್ವೀಪದ ಉತ್ತರದ ಬೆಟ್ಟಗಳ ಮೇಲಿರುವ ಬಾಗಿಯೊದಲ್ಲಿ 1942ರಲ್ಲಿ ಹುಟ್ಟಿದ ಎರಿಕ್ ದೆ ಗಿಯಾ, ಅಮೆರಿಕದ ವಾರ್ಟನ್‌ನಲ್ಲಿ ಎಂಬಿಎ ಓದಿದರು. ಪ್ಯಾರಿಸ್ಸಿನಲ್ಲಿ ಶ್ರೀಮಂತ ದೇಶಗಳ ಆರ್ಥಿಕ ಸಂಘಟನೆಯೊಂದರಲ್ಲಿ ಕೆಲಸಕ್ಕೆ ಸೇರಿದರು. ಬಡ ದೇಶಗಳ ರಸಗೊಬ್ಬರದ ಲೆಕ್ಕಾಚಾರ ಅವರ ಮೇಜಿನ ಮೇಲೆ ಬರುತ್ತಿತ್ತು. ಅದನ್ನು ಬಿಟ್ಟು, 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಮಾರೋಣವೆಂದು ತಮ್ಮ ದೇಶದ ಕಪ್ಪೆಚಿಪ್ಪಿನ ಅಲಂಕಾರದ ವಸ್ತುಗಳನ್ನು ತರಿಸಿದರು, ವ್ಯಾಪಾರ ನೆಲಕಚ್ಚಿತು. ಅಲ್ಲೇ ಕಲಾವಿದರ ಗುಂಪೊಂದರ ಜೊತೆ ಉಳಿದುಕೊಂಡಾಗ ಜರ್ಮನ್ ನಿರ್ದೇಶಕ ವೆರ್ನರ್ ಹೆರ್ಜೋಗ್ ಕಣ್ಣಿಗೆ ಬಿದ್ದು, ಅವರ 1974ರ ಕಾಸ್ಪರ್ ಹೌಸರ್ ಕುರಿತ ಚಿತ್ರದಲ್ಲಿ ಸಣ್ಣದೊಂದು ಪಾತ್ರ ಮಾಡಿದರು. ಆಮೇಲೆ ಎರವಲು ಕ್ಯಾಮೆರಾ, ಗಡುವು ಮುಗಿದ ಫಿಲ್ಮು ರೀಲು, ಕಿಡ್ಲಾಟ್ ತಾಹಿಮಿಕ್ ಎಂಬ ಹೊಸ ಹೆಸರು. 1977ರಲ್ಲಿ ‘ಪರ್ಫ್ಯೂಮ್ಡ್ ನೈಟ್‌ಮೇರ್’ ಬರ್ಲಿನ್ ಚಿತ್ರೋತ್ಸವದಲ್ಲಿ ಅಂತರರಾಷ್ಟ್ರೀಯ ವಿಮರ್ಶಕರ ಪ್ರಶಸ್ತಿ ಗೆದ್ದಿತು.

ಆ ಚಿತ್ರದ ಮೊದಲ ದೃಶ್ಯವನ್ನು ಸ್ವಲ್ಪ ವಿವರಿಸುತ್ತೇನೆ, ಏಕೆಂದರೆ ಇಡೀ ವಾದ ಅದರಲ್ಲೇ ಇದೆ. ಲಗೂನಾ ಪ್ರಾಂತ್ಯದ ಬಾಲಿಯಾನ್ ಎಂಬ ಹಳ್ಳಿ. ಊರೊಳಗೆ ಬರಲು ಒಂದು ಹಳೆಯ ಸೇತುವೆ. ಒಬ್ಬ ಹಗ್ಗ ಕಟ್ಟಿದ ಆಟಿಕೆ ಜೀಪ್ನಿಯನ್ನು ಸೇತುವೆಯ ಮೇಲೆ ಎಳೆದುಕೊಂಡು ಬರುತ್ತಾನೆ. ಮತ್ತೆ ಅದಕ್ಕಿಂತ ದೊಡ್ಡದೊಂದನ್ನು ಎಳೆಯುತ್ತಾನೆ. ಕೊನೆಗೆ ನಿಜವಾದ ಜೀಪ್ನಿಯನ್ನೇ ಹಗ್ಗ ಹಿಡಿದು ಎಳೆಯುತ್ತಾನೆ. ಎರಡನೆಯ ಮಹಾಯುದ್ಧದ ನಂತರ ಅಮೆರಿಕದ ಸೈನ್ಯ ಬಿಟ್ಟುಹೋದ ಜೀಪುಗಳನ್ನು ಫಿಲಿಪ್ಪೀನ್ಸ್‌ನ ಜನ ಉದ್ದ ಮಾಡಿ, ಬಣ್ಣ ಬಳಿದು, ಜನರನ್ನು ಹೊರುವ ಬಂಡಿಯಾಗಿಸಿಕೊಂಡರಲ್ಲ, ಅದೇ ಜೀಪ್ನಿ. ಯುದ್ಧದ ಕಸದಿಂದ ಬದುಕಿನ ವಾಹನ. ಅದನ್ನು ಓಡಿಸುವವನೇ ಚಿತ್ರದ ನಾಯಕ. ಪಾತ್ರ ಮಾಡಿದವರು ಕಿಡ್ಲಾಟ್ ಅವರೇ. ಚಿತ್ರೀಕರಣದ ಜೊತೆಗೇ ಮಾತು ಮುದ್ರಿಸಿಕೊಳ್ಳುವ ಅನುಕೂಲ ಇರಲಿಲ್ಲ. ಆಮೇಲೆ ತಮ್ಮ ದನಿಯಲ್ಲೇ ಕತೆ ಹೇಳುತ್ತಾ ಹೋದರು. ಇಂದು ಜಗತ್ತಿನ ಸಿನಿಮಾ ವಿದ್ಯಾರ್ಥಿಗಳು ಆ ನಿರೂಪಣೆಯನ್ನು ಶೈಲಿ ಎಂದು ಓದುತ್ತಾರೆ. ಫ್ರೆಡ್ರಿಕ್ ಜೇಮ್ಸನ್ ಅವರಂಥ ವಿದ್ವಾಂಸರು ಈ ಚಿತ್ರಕ್ಕೆ ಒಂದು ಅಧ್ಯಾಯವನ್ನೇ ಮೀಸಲಿಟ್ಟರು. ಇಷ್ಟಕ್ಕೂ ಖರ್ಚಾದದ್ದು ಸುಮಾರು ಹತ್ತು ಸಾವಿರ ಡಾಲರ್.

ಅದೇ ವರ್ಷಗಳಲ್ಲಿ ಅದೇ ಲಗೂನಾ ಪ್ರಾಂತ್ಯದಲ್ಲಿ, ಪಗ್ಸಾನ್ಹಾನ್ ಎಂಬ ಊರಿನ ನದಿ ದಡದಲ್ಲಿ, ಅಮೆರಿಕದ ನಿರ್ದೇಶಕ ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ ವಿಯೆಟ್ನಾಂ ಯುದ್ಧದ ಚಿತ್ರ ‘ಅಪೊಕ್ಯಾಲಿಪ್ಸ್ ನೌ’ ತೆಗೆಯುತ್ತಿದ್ದರು. ಸರ್ವಾಧಿಕಾರಿ ಮಾರ್ಕೋಸ್ ಸರ್ಕಾರದಿಂದ ಹೆಲಿಕಾಪ್ಟರ್‌ಗಳು ಬಾಡಿಗೆಗೆ ಬಂದಿದ್ದವು. ದಂಗೆಕೋರರ ಮೇಲೆ ದಾಳಿಗೆ ಬೇಕಾದಾಗ ಚಿತ್ರೀಕರಣದ ನಡುವೆಯೇ ಹಾರಿಹೋಗುತ್ತಿದ್ದವು. 1976ರ ಚಂಡಮಾರುತ ಸೆಟ್‌ಗಳನ್ನು ಕೊಚ್ಚಿಹಾಕಿತು. ಖರ್ಚು ಏರಿ ಏರಿ ಮೂರು ಕೋಟಿ ಡಾಲರ್ ಮುಟ್ಟಿತು. ಕೊಪ್ಪೊಲಾ ತಮ್ಮ ಆಸ್ತಿಯನ್ನೆಲ್ಲ ಅಡವಿಡಬೇಕಾಯಿತು. ಅದು ದೊಡ್ಡ ಚಿತ್ರ, ಅನುಮಾನವಿಲ್ಲ. ಆದರೆ ಮೇಡಂ, ಜಮೀನು ಮಾರುವ ದಾರಿ ಕೊಪ್ಪೊಲಾ ಅವರದು, ಕಿಡ್ಲಾಟ್ ಅವರದಲ್ಲ. ಗೋಡೆಗೆ ಒಬ್ಬರ ಚಿತ್ರ ಅಂಟಿಸಿ ಇನ್ನೊಬ್ಬರ ದಾರಿ ಹಿಡಿಯಲು ಹೊರಟಿದ್ದಾನೆ ನಿಮ್ಮ ಹುಡುಗ. ಆ ಕೊಪ್ಪೊಲಾ ಅವರ ಕಂಪನಿಯೇ ಮುಂದೆ ಕಿಡ್ಲಾಟ್ ಅವರ ಚಿತ್ರವನ್ನು ಅಮೆರಿಕದಲ್ಲಿ ಬಿಡುಗಡೆ ಮಾಡಿತು ಎನ್ನುವುದನ್ನೂ ಅವನಿಗೆ ತಿಳಿಸಿ.

ತಮ್ಮ ಕೆಲಸದ ಬಗೆಯನ್ನು ಕಿಡ್ಲಾಟ್ ಒಂದು ಲೋಟ ಪೆಟ್ರೋಲ್ ಹಾಕಿಕೊಂಡು ಹೊರಡುವ ಪ್ರಯಾಣ ಎನ್ನುತ್ತಾರೆ. ಟ್ಯಾಂಕ್ ತುಂಬಿಸಿಕೊಂಡು ಹೊರಟವನಿಗೆ ನೇರ ದಾರಿ, ಗೊತ್ತಾದ ಹೊತ್ತು. ಒಂದು ಲೋಟದವನು ನಡುವೆ ನಿಲ್ಲುತ್ತಾನೆ, ನಿಂತಲ್ಲಿ ಯಾರನ್ನೋ ಮಾತನಾಡಿಸುತ್ತಾನೆ, ಮುಂದಿನ ಲೋಟ ಸಿಕ್ಕಾಗ ಹೊರಡುತ್ತಾನೆ. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ನೀವು ಎಷ್ಟು ಮಕ್ಕಳಿಗೆ ಬರೆಸಿದ್ದೀರೋ! ಅದನ್ನು ಅಕ್ಷರಶಃ ಪಾಲಿಸಿದ ಒಬ್ಬ ಸಿನಿಮಾದವರನ್ನು ಕಂಡಾಗ ನೀವು ಬೇಜವಾಬ್ದಾರಿ ಎನ್ನುತ್ತೀರಿ. ನನಗೆ ಇದು ಒಪ್ಪಿಗೆಯಾಗುವುದಿಲ್ಲ.

ಈಗ ಹೆಂಡತಿ ಮಕ್ಕಳ ಪ್ರಶ್ನೆಗೆ ಬರುತ್ತೇನೆ. ನಿಮ್ಮ ಪತ್ರದಲ್ಲಿ ಹೆಚ್ಚು ಕಾವಿರುವುದು ಅಲ್ಲೇ. 35 ವರ್ಷ ಎಂದು ನೀವು ಬೆರಳು ತೋರಿಸಿದ ಚಿತ್ರ ‘ಬಾಲಿಕ್‌ಬಾಯನ್’. ಪೋರ್ಚುಗೀಸ್ ನಾವಿಕ ಮೆಗೆಲ್ಲನ್ ಮಲಕ್ಕಾದಲ್ಲಿ ಕೊಂಡ ಎನ್ರಿಕೆ ಎಂಬ ಗುಲಾಮನ ಕತೆ. 1521ರಲ್ಲಿ ಮೆಗೆಲ್ಲನ್ ಫಿಲಿಪ್ಪೀನ್ಸ್‌ನ ಮಕ್ತಾನ್‌ನಲ್ಲಿ ಸತ್ತ. ಅಲ್ಲಿನವರ ಜೊತೆ ಮಾತು ನಡೆಸಿಕೊಟ್ಟವನು ಈ ಎನ್ರಿಕೆ. ಅವನು ಆ ದ್ವೀಪಗಳವನೇ ಆಗಿದ್ದರೆ ಭೂಮಿಯನ್ನು ಮೊದಲು ಸುತ್ತಿ ಬಂದವನು ಯಜಮಾನನಲ್ಲ, ಗುಲಾಮ. ಯಜಮಾನ ಸತ್ತರೆ ಬಿಡುಗಡೆ ಎಂದು ಉಯಿಲು ಇದ್ದರೂ ಹಡಗಿನವರು ಅವನನ್ನು ಬಿಡಲು ಒಪ್ಪಲಿಲ್ಲ. ಇಷ್ಟು ದೊಡ್ಡ ವಸ್ತು. 1979ರಲ್ಲಿ ಶುರು ಮಾಡಿದರು, ತಾವೇ ಎನ್ರಿಕೆಯಾಗಿ ನಟಿಸಿದರು, ನಂತರ ನಿಲ್ಲಿಸಿದರು. ಏಕೆ? ಮನೆಯಲ್ಲಿ ಮೂವರು ಗಂಡುಮಕ್ಕಳು ಬೆಳೆಯುತ್ತಿದ್ದರು. ಹಡಗು, ಸಮುದ್ರ, ಐತಿಹಾಸಿಕ ಉಡುಪುಗಳ ಚಿತ್ರಕ್ಕೆ ಹಣ ಹುಡುಕಿಕೊಂಡು ಊರೂರು ಅಲೆಯುವ ಬದಲು ಮಕ್ಕಳ ಜೊತೆ ಉಳಿದರು. ಆ ವರ್ಷಗಳಲ್ಲಿ ಕ್ಯಾಮೆರಾ ಸುಮ್ಮನಿರಲಿಲ್ಲ. ಹಿರಿಯ ಮಗ ಕೇಳುವ ಪ್ರಶ್ನೆಗಳನ್ನೇ ಹಿಡಿದು ದಿನಚರಿಯಂತೆ ಚಿತ್ರೀಕರಿಸಿದರು. 1983ರಲ್ಲಿ ವಿರೋಧ ಪಕ್ಷದ ನಾಯಕ ಬೆನಿಗ್ನೊ ಅಕಿನೊ ಕೊಲೆ, 1986ರಲ್ಲಿ ಹಳದಿ ಬಣ್ಣ ತೊಟ್ಟು ಬೀದಿಗಿಳಿದು ಮಾರ್ಕೋಸ್‌ನನ್ನು ಓಡಿಸಿದ ಜನ, 1990ರಲ್ಲಿ ಬಾಗಿಯೊವನ್ನು ಕೆಡವಿದ ಭೂಕಂಪ, ಎಲ್ಲವೂ ಒಂದು ಮನೆಯ ಕಿಟಕಿಯಿಂದ ಕಂಡಂತೆ ಅದರಲ್ಲಿ ಸೇರಿಕೊಂಡವು. ಸುಮಾರು ಮೂರು ಗಂಟೆಯ ಆ ದಿನಚರಿ ಚಿತ್ರ ಮುಗಿದದ್ದು 1994ರಲ್ಲಿ. ಪ್ರಶ್ನೆ ಕೇಳುತ್ತಾ ಅದರಲ್ಲಿ ಬೆಳೆದ ಹುಡುಗ ಮುಂದೆ ತಾನೂ ಛಾಯಾಗ್ರಾಹಕನಾದ, ಸ್ವತಂತ್ರವಾಗಿ ಚಿತ್ರ ಮಾಡಿದ. ‘ಬಾಲಿಕ್‌ಬಾಯನ್’ 2015ರಲ್ಲಿ ಬರ್ಲಿನ್‌ನಲ್ಲಿ ತೆರೆ ಕಂಡು ಕಲಿಗರಿ ಪ್ರಶಸ್ತಿ ಪಡೆಯಿತು. 2018ರಲ್ಲಿ ದೇಶ ಅವರನ್ನು ರಾಷ್ಟ್ರೀಯ ಕಲಾವಿದ ಎಂದು ಘೋಷಿಸಿತು.

ಮಕ್ಕಳಿಗಾಗಿ ಚಿತ್ರವನ್ನು ಬದಿಗಿಟ್ಟವರಿಗೆ ‘ಮಕ್ಕಳನ್ನು ಯಾರು ನೋಡಿಕೊಂಡರು’ ಎಂದು ಕೇಳುವುದು ಸರಿಯೇ? ಚಿತ್ರೀಕರಣದ ನೆಪದಲ್ಲಿ ತಿಂಗಳುಗಟ್ಟಲೆ ಮನೆಯ ಮುಖ ನೋಡದವರನ್ನು ನಾವು ಶ್ರಮಜೀವಿ ಎಂದು ಹಾಡಿ ಹೊಗಳುತ್ತೇವೆ. ಅವರ ಸಂಸಾರದ ಲೆಕ್ಕವನ್ನು ಯಾರೂ ಕೇಳುವುದಿಲ್ಲ.

ಅವಸರ ಏನು ಮಾಡುತ್ತದೆ ಎಂಬುದಕ್ಕೆ ಅವರದೇ ‘ತುರುಂಬಾ’ ಚಿತ್ರ ನೋಡಬೇಕು, 1981ರದು. ಪಾಕಿಲ್ ಎಂಬ ಊರಿನಲ್ಲಿ ಹಬ್ಬಕ್ಕೆಂದು ಕಾಗದದ ಗೊಂಬೆ ಮಾಡಿ ಮಾರುವ ಒಂದು ಕುಟುಂಬ. ಅಪ್ಪ ಊರ ಹಬ್ಬದಲ್ಲಿ ಹಾಡುವವನು. ಜರ್ಮನಿಯಿಂದ ಬಂದ ವ್ಯಾಪಾರಿ ಗೊಂಬೆಗಳನ್ನು ಮೆಚ್ಚಿ ಮ್ಯೂನಿಕ್ ಒಲಿಂಪಿಕ್ಸ್‌ನ ಲಾಂಛನವಾದ ನಾಯಿಯ ಗೊಂಬೆಗೆ ರಾಶಿ ರಾಶಿ ಆರ್ಡರ್ ಕೊಡುತ್ತಾಳೆ. ಮನೆಗೆ ಫ್ಯಾನ್ ಬರುತ್ತದೆ, ಟಿವಿ ಬರುತ್ತದೆ. ಅಂಗಳ ಕಾರ್ಖಾನೆಯಾಗುತ್ತದೆ, ಊರಿನ ಮಕ್ಕಳು ಕೂಲಿಗಳಾಗುತ್ತಾರೆ. ಹಬ್ಬಕ್ಕೆ ಹಾಡಬೇಕಾದವನಿಗೆ ಹಬ್ಬಕ್ಕೇ ಪುರುಸೊತ್ತಿಲ್ಲ. ಆ ಗೊಂಬೆಗಳಿಗೆ ಬಣ್ಣ ಬಳಿಯುವ ಕೈಗಳನ್ನು ಕ್ಯಾಮೆರಾ ತಾಳ್ಮೆಯಿಂದ ನೋಡುತ್ತದೆ. ಬರುಬರುತ್ತಾ ಆ ಕೈಗಳ ವೇಗ ಬೇರೆಯಾಗುತ್ತದೆ.

ಆ ಚಿತ್ರ ಹೊರಬಂದ ವರ್ಷವೇ ರಾಜಧಾನಿ ಮನಿಲಾದಲ್ಲಿ ಸರ್ವಾಧಿಕಾರಿಯ ಹೆಂಡತಿ ಇಮೆಲ್ಡಾ ಮಾರ್ಕೋಸ್ ತಮ್ಮ ಚಿತ್ರೋತ್ಸವಕ್ಕಾಗಿ ಕೊಲ್ಲಿಯ ದಡದಲ್ಲಿ ಫಿಲ್ಮ್ ಸೆಂಟರ್ ಎಬ್ಬಿಸುತ್ತಿದ್ದರು. 1982ರ ಜನವರಿಗೆ ಉದ್ಘಾಟನೆಯಾಗಲೇಬೇಕು. ಹಗಲು ರಾತ್ರಿ ಪಾಳಿ ಹಾಕಿ ಸಾವಿರಾರು ಕಾರ್ಮಿಕರನ್ನು ದುಡಿಸಿದರು. 1981ರ ನವೆಂಬರ್ 17ರ ಬೆಳಗಿನ ಜಾವ ಸಾರುವೆ ಕುಸಿದು, ಬೇಗ ಗಟ್ಟಿಯಾಗುವ ಹಸಿ ಸಿಮೆಂಟಿನೊಳಗೆ ಕಾರ್ಮಿಕರು ಹೂತುಹೋದರು. ಸತ್ತವರು ಎಷ್ಟು ಎಂಬ ಲೆಕ್ಕ ಇಂದಿಗೂ ಇತ್ಯರ್ಥವಾಗಿಲ್ಲ. ರಕ್ಷಣೆಗೆ ಬಂದವರನ್ನು ಗಂಟೆಗಟ್ಟಲೆ ಹೊರಗೆ ನಿಲ್ಲಿಸಿದರು. ಉದ್ಘಾಟನೆ ಮಾತ್ರ ಹೇಳಿದ ತಿಂಗಳಿಗೇ ನಡೆಯಿತು. ಗಡುವನ್ನೇ ದೇವರು ಮಾಡಿಕೊಂಡವರ ಬಗ್ಗೆ ನನಗಿರುವ ಸಿಟ್ಟು ಹೆಚ್ಚಾಯಿತು ಎನ್ನುವವರು ಈ ಘಟನೆಯನ್ನು ಒಮ್ಮೆ ಓದಬೇಕು.

ನಮ್ಮಲ್ಲಿ ಏನು ಕಡಿಮೆ? ವರ್ಷಕ್ಕೆ ಇನ್ನೂರರ ಆಚೀಚೆ ಕನ್ನಡ ಚಿತ್ರಗಳು ಬಿಡುಗಡೆಯಾಗುತ್ತವೆ. ಯಾವ ಶುಕ್ರವಾರ ಯಾವುದು ಬಂತು, ಯಾವ ಸೋಮವಾರ ಹೋಯಿತು ಎಂದು ಹೇಳುವವರಿಲ್ಲ. ನಮ್ಮ ಕಚೇರಿಗೆ ಒಮ್ಮೆ ಯುವಕನೊಬ್ಬ ಬಂದಿದ್ದ. ಅಪ್ಪನ ಅಡಿಕೆ ತೋಟ ಮಾರಿದ ಹಣದಲ್ಲಿ ಚಿತ್ರ ತೆಗೆದಿದ್ದ. ಮುಹೂರ್ತದ ಆಮಂತ್ರಣ ಪತ್ರಿಕೆಯನ್ನು ಪ್ಲಾಸ್ಟಿಕ್ ಕವರಿನಲ್ಲಿಟ್ಟು ತಂದಿದ್ದ. ದಪ್ಪ ಕಾಗದ, ಚಿನ್ನದ ಬಣ್ಣದ ಅಕ್ಷರ, ಮೂವರು ಅತಿಥಿಗಳ ಫೋಟೊ. ಆ ಒಂದು ದಿನದ ಸಮಾರಂಭಕ್ಕೆ ಸುರಿದ ದುಡ್ಡಿನಲ್ಲಿ ಹತ್ತು ದಿನದ ಚಿತ್ರೀಕರಣ ಆಗುತ್ತಿತ್ತು ಎಂದು ಅವನೇ ಹೇಳಿದ. ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸುವುದನ್ನು ಅವನಿಗೆ ಕಲಿಸಿದವರು ಯಾರು? ಟೀಸರ್, ಟ್ರೈಲರ್, ಮೊದಲ ದಿನದ ಗಳಿಕೆ ಎಂದು ದಿನವೂ ಬರೆಯುವ ಪತ್ರಿಕೆಗಳು. ಸಹಾಯಧನದ ಕಡೆಯ ದಿನಾಂಕ ನೋಡಿಕೊಂಡು ಕತೆ ಹೆಣೆಯುವ ನಿರ್ಮಾಪಕರು. ಚಿತ್ರ ಮಾಡಬೇಕೆಂದು ಬಂದ ಹುಡುಗನಿಗೆ ಮೊದಲು ಬಜೆಟ್ ಎಷ್ಟು ಎಂದು ಕೇಳುವ ಹಿರಿಯರು. ಏನು ಹೇಳಬೇಕೆಂದಿದ್ದೀಯ ಎಂದು ಕೇಳುವವರು ಆ ಸಾಲಿನಲ್ಲಿ ಎಷ್ಟು ಹಿಂದೆ ನಿಂತಿದ್ದಾರೆ!

ಅದಕ್ಕೇ ನಿಮ್ಮ ಮಗನ ಮೇಲೆ ನನಗೆ ಕೋಪವಿಲ್ಲ, ನಿಮ್ಮ ಮೇಲಂತೂ ಇಲ್ಲ. ಕೆಲಸ ಬಿಟ್ಟಾಗಿದೆ, ಅರೆಕಾಲಿಕವಾಗಿಯಾದರೂ ಒಂದು ದುಡಿಮೆ ಹಿಡಿಯಲಿ. ಕೈಯಲ್ಲಿರುವ ಕ್ಯಾಮೆರಾದಲ್ಲೇ ತೆಗೆಯಲು ಶುರು ಮಾಡಲಿ, ದುಡ್ಡು ಮುಗಿದಾಗ ನಿಲ್ಲಿಸಲಿ, ಮತ್ತೆ ಕೂಡಿದಾಗ ಮುಂದುವರಿಸಲಿ. ನಡುವೆ ನಿಂತದ್ದಕ್ಕೆ ‘ಸಿನಿಮಾ ಎಲ್ಲಿಗೆ ಬಂತು’ ಎಂದು ನೆಂಟರ ಮುಂದೆ ಕೇಳಿ ಅವನನ್ನು ಕುಗ್ಗಿಸಬೇಡಿ. ಇಷ್ಟು ನಿಮ್ಮಿಂದ ಆಗಬೇಕು.

ಎಲ್ಲಿ ನೋಡಬೇಕು ಎಂದು ಕೇಳಿದ್ದೀರಿ. ನಿಮ್ಮ ಪತ್ರದಲ್ಲಿ ನನಗೆ ಅತ್ಯಂತ ಇಷ್ಟವಾದ ಪ್ರಶ್ನೆ ಇದೇ. ಹೆಗ್ಗೋಡಿನಂಥ ಹಳ್ಳಿಯಲ್ಲಿ ಕೆ.ವಿ. ಸುಬ್ಬಣ್ಣ ಚಿತ್ರಸಮಾಜ ಕಟ್ಟಿ, ಅಡಿಕೆ ಸುಲಿಯುವವರನ್ನೂ ಕೂರಿಸಿ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ಅಂಥ ಕೆಲಸಗಳಿಗಾಗಿಯೇ 1991ರಲ್ಲಿ ಅವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ಬಂತು. ಅದನ್ನು ಕೊಡುವ ಊರು ಮನಿಲಾ. ಮನಿಲಾ ನಮ್ಮ ಹಳ್ಳಿಯೊಂದನ್ನು ಗುರುತಿಸಿತು, ನಮ್ಮ ಜಿಲ್ಲಾ ಕೇಂದ್ರಗಳಲ್ಲಿ ಆ ದೇಶದ ಒಂದು ಚಿತ್ರ ತೋರಿಸುವ ವ್ಯವಸ್ಥೆ ಇಲ್ಲ. ಮಲ್ಟಿಪ್ಲೆಕ್ಸ್‌ಗಳು ಹೆಚ್ಚಿದಷ್ಟೂ ಚಿತ್ರಸಮಾಜಗಳು ಬಾಗಿಲು ಹಾಕಿದವು. ಈ ಕೊರತೆಗೆ ನಮ್ಮ ಪತ್ರಿಕೆ ಕೈಲಾದಷ್ಟು ಮಾಡಲು ಸಿದ್ಧವಿದೆ. ಹಕ್ಕುದಾರರಿಂದ ಅನುಮತಿ ಕೇಳುವ ಕೆಲಸ ನಮ್ಮದು. ಮೊದಲು ‘ತುರುಂಬಾ’, ಆಮೇಲೆ ಜೀಪ್ನಿಯ ಚಿತ್ರ. ನೀವು ಪಾಠ ಮಾಡಿದ ಶಾಲೆಯ ಸಭಾಂಗಣ ಒಂದು ಭಾನುವಾರ ಸಂಜೆಗೆ ಸಿಗುವುದೇ ಎಂದು ವಿಚಾರಿಸಿ ತಿಳಿಸಿ. ಪ್ರೊಜೆಕ್ಟರ್ ಹೊಂದಿಸುವ ಜವಾಬ್ದಾರಿಯನ್ನು ನಿಮ್ಮ ಮಗನಿಗೆ ಕೊಡಿ.

— ಸಂಪಾದಕ